ಹುಣಸೂರು ರಸ್ತೆಯ ಸಂಭಾಷಣೆಕಾರ

ಹಿನಕಲ್ ಫ್ಲೈಓವರ್ ಕೆಳಗೆ ನಿಂತು ಬಸ್ಸಿಗೆ ಕಾಯುವ ನಮಗೆಲ್ಲ ‘ಹುಣಸೂರು’ ಅಂದರೆ ಒಂದು ಬೋರ್ಡು, ಅಷ್ಟೆ. ಇಲವಾಲ, ಬಿಳಿಕೆರೆ ದಾಟಿ ಸುಮಾರು 45 ಕಿಲೋಮೀಟರ್ ಹೋದರೆ ಸಿಗುವ ಊರು. ಕೊಡಗಿಗೆ ಟ್ರಿಪ್ ಹೋಗುವಾಗ ಟೀ ಕುಡಿಯೋಕೆ ಇಳಿಯುವ ಜಾಗ. ಆ ಊರಿನ ಹೆಸರನ್ನೇ ತಮ್ಮ ಹೆಸರಿನ ಮುಂದೆ ಇಟ್ಟುಕೊಂಡು ನೂರಾರು ಪಾತ್ರಗಳಿಗೆ ಮಾತು ಕೊಟ್ಟವರೊಬ್ಬರು ಇದ್ದರು ಅನ್ನೋದು ನಮ್ಮ ಸಂಘದಲ್ಲಿ ಬಹಳ ಜನಕ್ಕೆ ಗೊತ್ತೇ ಇರಲಿಲ್ಲ. ಗೊತ್ತಾಗಿದ್ದು ಒಂದು ಅವಮಾನದ ನಂತರ. ಅದನ್ನೇ ಮೊದಲು ಹೇಳಿಬಿಡುತ್ತೇವೆ.

ಕಳೆದ ವರ್ಷದ ರಾಜ್ಯೋತ್ಸವಕ್ಕೆ ನಾವೊಂದು ನಾಟಕ ಮಾಡಿದ್ದೆವು. ರಿಂಗ್ ರೋಡ್ ಪಕ್ಕ ಜಮೀನಿದ್ದ ರೈತನೊಬ್ಬ ಅದನ್ನು ಲೇಔಟಿಗೆ ಮಾರಿ, ಮಗನನ್ನು ಇಂಜಿನಿಯರಿಂಗ್ ಓದಿಸುವ ಕಥೆ. ಕಥೆ ನಮ್ಮ ಸುತ್ತಲಿನದೇ. ಹಿನಕಲ್‌ನಲ್ಲಿ ನನ್ನೇಶ್ವರನ ದೇವಸ್ಥಾನದ ಹಿಂದಿನ ಬೀದಿಗೆ ಹೋದರೆ ಇಂಥ ಹತ್ತು ಮನೆ ಸಿಗುತ್ತವೆ. ಆದರೆ ನಮ್ಮ ರೈತ ವೇದಿಕೆ ಮೇಲೆ ನಿಂತು ಹೇಳಿದ್ದು ಹೀಗೆ: “ಈ ಭೂಮಿಯು ನಮ್ಮ ಅಸ್ತಿತ್ವದ ಬೇರಾಗಿದೆ ಮಗನೇ. ಇದನ್ನು ಕಳೆದುಕೊಳ್ಳುವುದೆಂದರೆ ನನ್ನನ್ನು ನಾನೇ ಕಳೆದುಕೊಂಡಂತೆ.” ಅದಕ್ಕೆ ಮಗನ ಉತ್ತರ: “ನೀವು ನನ್ನ ಕನಸುಗಳನ್ನು ಅರ್ಥ ಮಾಡಿಕೊಳ್ಳುವಲ್ಲಿ ವಿಫಲರಾಗಿದ್ದೀರಿ ಅಪ್ಪಾ.” ಅಳಬೇಕಾದ ಜಾಗದಲ್ಲಿ ಹಿಂದಿನ ಸಾಲಿನವರು ನಕ್ಕರು. ಮುಂದಿನ ಸಾಲಿನವರು ನಗಲಿಲ್ಲ, ಮೊಬೈಲ್ ತೆಗೆದರು. ಅದು ಇನ್ನೂ ಕೆಟ್ಟದ್ದು.

ನಾಟಕ ಮುಗಿದ ಮೇಲೆ ಗೇಟಿನ ಹತ್ತಿರ ನಮ್ಮ ಸೆಕ್ಯುರಿಟಿ ಅಣ್ಣ ಸಿಕ್ಕರು. “ಚೆನ್ನಾಗಿತ್ತು ಕಣ್ರಪ್ಪಾ. ಆದ್ರೆ ಆ ಅಪ್ಪ ಏನ್ ಕೆಲ್ಸದಲ್ಲವ್ನೆ, ಮೇಷ್ಟ್ರಾ?” ಅಂದರು. ರೈತ ಅಂದೆವು. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, “ನಾವೂ ಮಾರಿದ್ವಿ. ಮಾರಿದ್ ದಿವ್ಸ ನಾನೇನೂ ಮಾತಾಡ್ಲಿಲ್ಲ. ಮಾರ್ನೆ ದಿನ ನಮ್ ಹೆಂಗಸ್ರು ಕೇಳುದ್ರು, ಇನ್ ಹಸೀನ ಎಲ್ಲಿ ಕಟ್ಟೋದು ಅಂತ” ಅಂದರು.

ನಾವು ಹದಿನಾಲ್ಕು ಪುಟ ಬರೆದಿದ್ದೆವು. ಆ ಒಂದು ಸಾಲು ಅದರಲ್ಲಿ ಇರಲಿಲ್ಲ.

ಆಗ ನಮ್ಮ ಗುಂಪಿನಲ್ಲಿದ್ದ ಹುಣಸೂರಿನ ಹುಡುಗ “ನಮ್ಮೂರೋರು ಒಬ್ರು ಇದಕ್ಕೇ ಫೇಮಸ್ಸು ಗುರು, ನೋಡಿ ಕಲೀರಿ” ಅಂತ ಹುಣಸೂರು ಕೃಷ್ಣಮೂರ್ತಿಯವರ ಹೆಸರು ತೆಗೆದ. ಮೂರು ಭಾನುವಾರ ಹಾಸ್ಟೆಲ್ಲಿನ ಟಿ.ವಿ. ರೂಮಿನಲ್ಲಿ ಅವರು ಕೆಲಸ ಮಾಡಿದ ಸಿನಿಮಾಗಳನ್ನು ನೋಡಿದೆವು. ಈ ಲೇಖನ ಆ ಮೂರು ಭಾನುವಾರಗಳ ಟಿಪ್ಪಣಿ ಅಂತ ಇಟ್ಟುಕೊಳ್ಳಿ. ಸ್ಕಿಟ್, ಶಾರ್ಟ್ ಫಿಲಂ, ರೀಲ್ ಅಂತ ಏನಾದರೂ ಬರೆಯುವವರಿಗೆ ಉಪಯೋಗಕ್ಕೆ ಬಂದೀತು.

ಕೃಷ್ಣಮೂರ್ತಿ ಹುಟ್ಟಿದ್ದು 1914ರಲ್ಲಿ, ಹುಣಸೂರಿನಲ್ಲಿ. ಆಗ ಕನ್ನಡದಲ್ಲಿ ಮಾತಾಡುವ ಸಿನಿಮಾನೇ ಇರಲಿಲ್ಲ. ಮೊದಲ ಕನ್ನಡ ಟಾಕಿ ‘ಸತಿ ಸುಲೋಚನ’ ತೆರೆಗೆ ಬಂದಿದ್ದು 1934ರ ಮಾರ್ಚ್‌ನಲ್ಲಿ, ಅಂದರೆ ಇವರಿಗೆ ಇಪ್ಪತ್ತು ತುಂಬಿದಾಗ. ಆ ಸಿನಿಮಾಕ್ಕೆ ಮಾತು, ಹಾಡು ಬರೆದವರು ಬೆಳ್ಳಾವೆ ನರಹರಿಶಾಸ್ತ್ರಿಗಳು. ಅವರು ಕಂಪನಿ ನಾಟಕದ ಕವಿ. ಅಂದರೆ ನಮ್ಮಲ್ಲಿ ಚಿತ್ರಕಥೆ ಬರೆಯುವ ಕಸುಬು ಶುರುವಾಗಿದ್ದೇ ನಾಟಕ ಕಂಪನಿಯ ಟೆಂಟಿನಿಂದ. ಅದಕ್ಕೆ ಅಂತ ಕೋರ್ಸು, ಇನ್‌ಸ್ಟಿಟ್ಯೂಟು ಏನೂ ಇರಲಿಲ್ಲ. ಹುಣಸೂರು ಕೃಷ್ಣಮೂರ್ತಿಯವರೂ ಅದೇ ದಾರಿಯಲ್ಲಿ ಬಂದವರು. ಎಳೆ ವಯಸ್ಸಿನಲ್ಲಿ ಕೆಲಕಾಲ ಮುಂಬೈಗೆ ಹೋಗಿ ಬಾಂಬೆ ಟಾಕೀಸ್‌ನಲ್ಲಿದ್ದರು. ಆದರೆ ಅವರ ಕೈ ಪಳಗಿದ್ದು ಗುಬ್ಬಿ ವೀರಣ್ಣನವರ ಕಂಪನಿಯಂಥ ವೃತ್ತಿ ನಾಟಕ ಮಂಡಳಿಗಳಲ್ಲಿ, ನಟರಾಗಿ ಮತ್ತು ನಾಟಕಕಾರರಾಗಿ.

ಕಂಪನಿ ನಾಟಕ ಏನನ್ನು ಕಲಿಸುತ್ತಿತ್ತು ಅನ್ನೋದನ್ನು ಸ್ವಲ್ಪ ವಿವರವಾಗಿ ನೋಡಬೇಕು. ನಮ್ಮ ಆಡಿಟೋರಿಯಂನಲ್ಲಿ ಕಾಲರ್ ಮೈಕು ಕೈಕೊಟ್ಟರೆ ಐದನೇ ಸಾಲಿಗೇ ಮಾತು ಕೇಳಲ್ಲ. ಅಲ್ಲಿ ಮೈಕೇ ಇಲ್ಲದ ಕಾಲದಲ್ಲಿ ಹಿಂದಿನ ಬೆಂಚಿನ ಕಡಿಮೆ ಟಿಕೆಟ್ಟಿನವನಿಗೂ ಮಾತು ಮುಟ್ಟಬೇಕಿತ್ತು. ಆದ್ದರಿಂದ ಸಾಲು ಉಸಿರಿಗೆ ತಕ್ಕಂತೆ ಮುರಿಯಬೇಕು, ತೂಕದ ಪದ ಸಾಲಿನ ಕೊನೆಯಲ್ಲಿ ಬೀಳಬೇಕು. ಕನ್ನಡದಲ್ಲಿ ಕ್ರಿಯಾಪದ ಹೇಗೂ ಕೊನೆಗೇ ಬರುತ್ತದೆ. ಕೇಳುವವನು ಅದಕ್ಕಾಗಿ ಕಾಯುತ್ತಾನೆ. ಆ ಕಾಯುವಿಕೆಯನ್ನು ಎಷ್ಟು ಹೊತ್ತು ಎಳೆಯಬಹುದು, ಎಲ್ಲಿ ಬಿಡಬೇಕು ಅನ್ನೋದೇ ಅರ್ಧ ವಿದ್ಯೆ. ಇನ್ನೊಂದು ವಿಷಯ: ಅಲ್ಲಿ ಫಲಿತಾಂಶ ಅದೇ ರಾತ್ರಿ ಗೊತ್ತಾಗುತ್ತಿತ್ತು. ಮಾತು ಹತ್ತಿದರೆ ‘ಒನ್ಸ್ ಮೋರ್’, ಹತ್ತದಿದ್ದರೆ ಜನ ಬೀಡಿ ಸೇದಲು ಎದ್ದು ಹೋಗುತ್ತಿದ್ದರು. ಮಾರನೇ ದಿನ ನಾಟಕಕಾರ ಆ ಸಾಲನ್ನು ತಿದ್ದಬಹುದಿತ್ತು. ನಮ್ಮ ಭಾಷೆಯಲ್ಲಿ ಹೇಳೋದಾದರೆ, ಪ್ರತಿ ರಾತ್ರಿ ಟೆಸ್ಟಿಂಗ್, ಪ್ರತಿ ಬೆಳಗ್ಗೆ ಡಿಬಗ್ಗಿಂಗ್. ನಾವು ಒಂದೇ ಶೋ ಮಾಡಿ, ಅದರಲ್ಲೂ ಸೋತು, ಸ್ಕ್ರಿಪ್ಟ್ ಫೋಲ್ಡರನ್ನು ಮುಚ್ಚಿಬಿಟ್ಟಿದ್ದೆವು.

ಹಳೆಯ ಸಿನಿಮಾಗಳ ಟೈಟಲ್ ಕಾರ್ಡ್ ನೋಡಿದವರಿಗೆ ಒಂದು ಗೊಂದಲ ಆಗಿರಬಹುದು. ಕಥೆ ಒಬ್ಬರದು, ಚಿತ್ರಕಥೆ ಇನ್ನೊಬ್ಬರದು, ಸಂಭಾಷಣೆ ಮತ್ತೊಬ್ಬರದು, ಗೀತೆ ಮಗದೊಬ್ಬರದು. ಬೇರೆ ಬಹಳ ದೇಶಗಳಲ್ಲಿ ಮಾತು ಚಿತ್ರಕಥೆಯ ಒಳಗೇ ಸೇರಿಹೋಗುತ್ತದೆ. ನಮ್ಮಲ್ಲಿ ಮಾತಿಗೆ ಪ್ರತ್ಯೇಕ ಕಾರ್ಡು. ಕಾರಣ ಊಹಿಸುವುದು ಕಷ್ಟವಲ್ಲ. ಕನ್ನಡ ಸಿನಿಮಾ ಬಹುಕಾಲ ತಯಾರಾಗಿದ್ದು ಮದರಾಸಿನ ಸ್ಟುಡಿಯೋಗಳಲ್ಲಿ, ನಾಲ್ಕು ಭಾಷೆಯ ತಂತ್ರಜ್ಞರ ನಡುವೆ. ಕಥೆ ತೆಲುಗಿನಿಂದಲೋ ತಮಿಳಿನಿಂದಲೋ ಬರಬಹುದಿತ್ತು, ಕ್ಯಾಮೆರಾ ಹಿಂದೆ ಯಾರು ಬೇಕಾದರೂ ಇರಬಹುದಿತ್ತು. ಪಾತ್ರ ಬಾಯಿ ತೆರೆದಾಗ ಮಾತ್ರ ಅದು ಕನ್ನಡದ್ದಾಗಿರಬೇಕು. ಆ ಹೊಣೆ ಸಂಭಾಷಣೆಕಾರನದು. ಪೋಲೆಂಡಿನ ನಿರ್ದೇಶಕ ಕೀಸ್ಲೋವ್ಸ್ಕಿಯ ‘ಡೆಕಲಾಗ್’ ನಮ್ಮಲ್ಲಿ ಕೆಲವರು ನೋಡಿದ್ದಾರೆ. ಅದನ್ನು ಅವರ ಜೊತೆ ಕೂತು ಬರೆದ ಕ್ರಿಸ್ಟೋಫ್ ಪಿಯೆಸೆವಿಚ್ ವೃತ್ತಿಯಲ್ಲಿ ವಕೀಲರು. ಕೋರ್ಟಿನಲ್ಲಿ ಕಂಡ ಮನುಷ್ಯರನ್ನು ಅವರು ಕಥೆಗೆ ತಂದರು. ನಮ್ಮ ಹುಣಸೂರು ಕೃಷ್ಣಮೂರ್ತಿಯವರಿಗೆ ಕೋರ್ಟಿನ ಜಾಗದಲ್ಲಿ ಇದ್ದದ್ದು ಟೆಂಟು.

ಮೊದಲ ಭಾನುವಾರ ನೋಡಿದ್ದು 1965ರ ‘ಸತ್ಯ ಹರಿಶ್ಚಂದ್ರ’. ನಿರ್ದೇಶನ, ಮಾತು, ಹಾಡು ಮೂರರಲ್ಲೂ ಹುಣಸೂರರ ಕೈ ಇದೆ. ಇದಕ್ಕೆ ಮುಂಚೆ ಅವರು ‘ಶ್ರೀಕೃಷ್ಣ ಗಾರುಡಿ’ (1958), ‘ರತ್ನಮಂಜರಿ’ (1962), ‘ವೀರ ಸಂಕಲ್ಪ’ (1964) ನಿರ್ದೇಶಿಸಿದ್ದರು. ಹರಿಶ್ಚಂದ್ರ ನಿರ್ಮಿಸಿದವರು ತೆಲುಗಿನ ದೊಡ್ಡ ನಿರ್ದೇಶಕ ಕೆ.ವಿ. ರೆಡ್ಡಿ. ಅದೇ ವರ್ಷ ಅದೇ ಕಥೆಯನ್ನು ಅವರು ಎನ್.ಟಿ. ರಾಮರಾವ್ ಅವರನ್ನು ಇಟ್ಟುಕೊಂಡು ತೆಲುಗಿನಲ್ಲೂ ಮಾಡಿದರು. ಒಂದೇ ಕಥೆ, ಎರಡು ಭಾಷೆ. ಇಂಥ ಕಡೆ ಕನ್ನಡದ್ದು ಡಬ್ ಮಾಡಿದಂತೆ ಕೇಳಿಸುವ ಅಪಾಯ ಜಾಸ್ತಿ. ಆದರೆ ಕನ್ನಡದ ಹರಿಶ್ಚಂದ್ರನನ್ನು ನೋಡುವಾಗ ಅದು ಎಲ್ಲಿಂದಲೋ ಬಂದದ್ದು ಅಂತ ನಮಗೆ ಒಂದು ಕ್ಷಣವೂ ಅನ್ನಿಸಲಿಲ್ಲ.

ಯಾಕೆ ಅನ್ನಿಸಲಿಲ್ಲ ಅಂತ ಆಮೇಲೆ ಕೂತು ಚರ್ಚಿಸಿದೆವು. ಒಂದು ಕಾರಣ ಹಳೆಯದು. ಹರಿಶ್ಚಂದ್ರನ ಕಥೆ ಕನ್ನಡದಲ್ಲಿ ರಾಘವಾಂಕನ ಕಾಲದಿಂದ, ಅಂದರೆ ಸುಮಾರು 13ನೇ ಶತಮಾನದಿಂದ, ಜನರ ಬಾಯಲ್ಲಿದೆ. ಷಟ್ಪದಿಯಲ್ಲಿ ಬರೆದ ಆ ಕಾವ್ಯದ ದೊಡ್ಡ ಗುಣವೇ ಪಾತ್ರಗಳ ಮಾತುಕತೆ. ಒಬ್ಬ ಕೇಳುತ್ತಾನೆ, ಇನ್ನೊಬ್ಬ ತಿರುಗಿಸಿ ಕೊಡುತ್ತಾನೆ. ಮುಂದೆ ಅದು ಯಕ್ಷಗಾನಕ್ಕೆ, ಬಯಲಾಟಕ್ಕೆ, ಕಂಪನಿ ನಾಟಕಕ್ಕೆ ಬಂತು. ಸಿನಿಮಾಕ್ಕೆ ಬರುವ ಹೊತ್ತಿಗೆ ಆ ಕಥೆಗೆ ಕನ್ನಡದ ಮಾತಿನ ಅಭ್ಯಾಸ ಆಗಿಹೋಗಿತ್ತು.

ಎರಡನೆಯದು ಹುಣಸೂರರ ಕೆಲಸ. ಅದರಲ್ಲಿ ಎಲ್ಲರೂ ಒಂದೇ ಕನ್ನಡ ಮಾತಾಡುವುದಿಲ್ಲ. ರಾಜ್‌ಕುಮಾರರ ಹರಿಶ್ಚಂದ್ರ ಅರಮನೆಯ ಭಾಷೆಯಲ್ಲಿ ಶುರುಮಾಡುತ್ತಾನೆ. ಉದಯಕುಮಾರರ ವಿಶ್ವಾಮಿತ್ರನ ಮಾತಿನಲ್ಲಿ ಸಂಸ್ಕೃತದ ಗಡಸು. ಸಾಲ ವಸೂಲಿಗೆ ಬೆನ್ನು ಬೀಳುವ ನಕ್ಷತ್ರಿಕ ನರಸಿಂಹರಾಜು ಬಂದ ಕೂಡಲೇ ಭಾಷೆ ಬೀದಿಗಿಳಿಯುತ್ತದೆ. ಕಾಶಿಯ ಮಸಣದಲ್ಲಿ ವೀರಬಾಹು ಬರುತ್ತಾನೆ. ಆ ಪಾತ್ರ ಮಾಡಿದ ಎಂ.ಪಿ. ಶಂಕರ್ ನಮ್ಮ ಮೈಸೂರಿನ ಕುಸ್ತಿ ಪೈಲ್ವಾನರು, ‘ರತ್ನಮಂಜರಿ’ಯಿಂದ ಅವರನ್ನು ಸಿನಿಮಾಕ್ಕೆ ತಂದವರೂ ಹುಣಸೂರರೇ. ವೀರಬಾಹುವಿನ ಮಾತಿನಲ್ಲಿ ಅಲಂಕಾರ ಇಲ್ಲ. ಅವನಿಗೆ ಸುಂಕ ಬೇಕು, ಕೆಲಸ ಆಗಬೇಕು. ರಾಜನ ಮೇಲೆ ಯಜಮಾನನಾಗಿ ನಿಂತವನು ರಾಜನ ಭಾಷೆಯನ್ನು ಅನುಕರಿಸುವುದಿಲ್ಲ, ತನ್ನದೇ ಭಾಷೆಯಲ್ಲಿ ಆಜ್ಞೆ ಮಾಡುತ್ತಾನೆ. ಅಧಿಕಾರ ಯಾವ ಕಡೆಯಿಂದ ಯಾವ ಕಡೆಗೆ ಹೋಯಿತು ಅನ್ನೋದು ಮಾತಿನ ಧಾಟಿಯಲ್ಲೇ ಗೊತ್ತಾಗುತ್ತದೆ.

ಆ ವೀರಬಾಹುವಿಗೆ ಹುಣಸೂರರು ಒಂದು ಹಾಡು ಬರೆದರು. ಕುಲ ಯಾವುದು, ಮೇಲು ಯಾವುದು ಅಂತ ಕೇಳುವ, ಘಂಟಸಾಲ ಹಾಡಿದ ಹಾಡು. ಹೆಸರು ಹೇಳಬೇಕಾಗಿಲ್ಲ, ನಿಮ್ಮ ತಲೆಯಲ್ಲಿ ಈಗಾಗಲೇ ಶುರುವಾಗಿರುತ್ತೆ. ನಮ್ಮಲ್ಲಿ ಅರ್ಧ ಜನ ಅದು ಜನಪದ ಗೀತೆ ಅಂದುಕೊಂಡಿದ್ದರು. ಒಬ್ಬಳು ಕನಕದಾಸರದು ಅಂತ ಬೆಟ್ ಕಟ್ಟಿ ಎರಡು ಮಸಾಲೆ ದೋಸೆ ಸೋತಳು. ಬರೆದವನ ಹೆಸರು ಕಳೆದು ಹಾಡು ಊರಿನದಾಗುವುದು ಸಣ್ಣ ವಿಷಯವಲ್ಲ. ಅದರಲ್ಲಿ ಒಂದೇ ಒಂದು ಪದಕ್ಕೂ ನಿಘಂಟು ಬೇಡ. ತತ್ವ ಇದೆ, ಆದರೆ ‘ತತ್ವ’ ಅನ್ನುವ ಧಾಟಿ ಇಲ್ಲ. ನಮ್ಮ ರೈತ ‘ಅಸ್ತಿತ್ವದ ಬೇರು’ ಅಂದಿದ್ದನ್ನು ಪಕ್ಕಕ್ಕಿಟ್ಟು ನೋಡಿದರೆ ವ್ಯತ್ಯಾಸ ಮುಖಕ್ಕೆ ಹೊಡೆಯುತ್ತದೆ.

ಒಂದು ತಕರಾರನ್ನೂ ಹೇಳಬೇಕು, ಯಾಕೆಂದರೆ ಅದರ ಮೇಲೆ ನಮ್ಮಲ್ಲಿ ಜೋರು ಜಗಳ ಆಯಿತು. ಮಾರ್ಕಂಡೇಯ ಪುರಾಣದ ಕಥೆಯಲ್ಲಿ ಚಂಡಾಲನಾಗಿ ಬಂದವನು ನಿಜವಾಗಿ ಧರ್ಮದೇವತೆ. ಅಂದರೆ ಸುಡುಗಾಡು ಕಾಯುವವನು ದೊಡ್ಡ ಮಾತಾಡಬೇಕಾದರೆ ಅವನು ಒಳಗೆ ದೇವರೇ ಆಗಿರಬೇಕು. ಕಥೆ ಒಂದು ಕೈಯಲ್ಲಿ ಕೊಟ್ಟು ಇನ್ನೊಂದು ಕೈಯಲ್ಲಿ ಕಿತ್ತುಕೊಳ್ಳುತ್ತದೆ ಅನ್ನೋದು ನಮ್ಮಲ್ಲಿ ಒಂದು ಗುಂಪಿನ ವಾದ. ಇನ್ನೊಂದು ಗುಂಪು, ಹಾಡು ಮಾತ್ರ ಕಥೆಯಿಂದ ಹೊರಗೆ ಬಂದು ಊರೂರು ಸುತ್ತುತ್ತಿದೆಯಲ್ಲ, ಅದನ್ನು ಯಾವ ದೇವರೂ ವಾಪಸ್ ತಗೊಂಡಿಲ್ಲ ಅಂದಿತು. ನಮಗೆ ಎರಡನೆಯದೇ ಸರಿ ಅನ್ನಿಸುತ್ತದೆ. ಚಂದ್ರಮತಿಯ ವಿಷಯದಲ್ಲಿ ಮಾತ್ರ ಎಲ್ಲರದೂ ಒಂದೇ ಮಾತು. ಪಂಡರೀಬಾಯಿಯವರ ಅಭಿನಯ ದೊಡ್ಡದು, ಆದರೆ ಅವರ ಪಾಲಿಗೆ ಬಂದಿದ್ದು ಹೆಚ್ಚಾಗಿ ಕಣ್ಣೀರು. ಮಾರಿಹೋದವಳಿಗೆ ಸಿಟ್ಟೂ ಬರುತ್ತದೆ ಅಲ್ಲವೆ? ಅದಕ್ಕೆ ಅಲ್ಲಿ ಜಾಗ ಕಡಿಮೆ.

ಕಪ್ಪು ಬಿಳುಪಿನ ಈ ಸಿನಿಮಾಕ್ಕೆ ಡಿಜಿಟಲ್ ಆಗಿ ಬಣ್ಣ ತುಂಬಿ 2008ರಲ್ಲಿ ಮತ್ತೆ ಬಿಡುಗಡೆ ಮಾಡಿದರು. ಫ್ರೇಮ್ ಫ್ರೇಮಿಗೂ ಬಣ್ಣ ಹಾಕಬೇಕಾದ ಕೆಲಸ ಅದು, ನಮ್ಮ ಕಂಪ್ಯೂಟರ್ ಸೈನ್ಸ್‌ನವರಿಗೆ ಆಸಕ್ತಿ ಹುಟ್ಟಬಹುದು. ಆದರೆ 43 ವರ್ಷ ಆದಮೇಲೂ ಮಾತಿಗೆ ಯಾರೂ ಬಣ್ಣ ಹಾಕಬೇಕಾಗಿರಲಿಲ್ಲ.

ಅದೇ 1965ರಲ್ಲಿ ಹುಣಸೂರರು ‘ಮದುವೆ ಮಾಡಿ ನೋಡು’ ಅನ್ನುವ ಇನ್ನೊಂದು ಸಿನಿಮಾ ನಿರ್ದೇಶಿಸಿದರು. ಇದು 1952ರ ತೆಲುಗು ಸಿನಿಮಾದ ಕನ್ನಡ ರೂಪ, ವರದಕ್ಷಿಣೆಯ ಮೇಲಿನ ನಗೆಕಥೆ. ಒಂದೇ ವರ್ಷದಲ್ಲಿ ಒಂದು ಕಡೆ ಮಸಣ, ಇನ್ನೊಂದು ಕಡೆ ಮದುವೆ ಮನೆ. ಪೌರಾಣಿಕದವರು ಅಂತ ಅವರಿಗೆ ಹಚ್ಚಿದ ಲೇಬಲ್ ಎಷ್ಟು ಅರ್ಧಂಬರ್ಧ ಅನ್ನೋದಕ್ಕೆ ಇದು ಸಾಕು.

ಇಲ್ಲಿ ನಮ್ಮ ಮೆಕ್ಯಾನಿಕಲ್ ಬ್ರಾಂಚಿನವರಿಗೆ ಒಂದು ಸುದ್ದಿ. ‘ವೀರ ಸಂಕಲ್ಪ’ದಲ್ಲಿ ಮೊದಲ ಸಲ ಬಣ್ಣ ಹಚ್ಚಿದವರಲ್ಲಿ ಹುಣಸೂರಿನ ಒಬ್ಬ ಕುಳ್ಳ ಹುಡುಗನೂ ಇದ್ದ. ಮೈಸೂರಿನ ಸಿ.ಪಿ.ಸಿ. ಪಾಲಿಟೆಕ್ನಿಕ್‌ನಲ್ಲಿ ಮೆಕ್ಯಾನಿಕಲ್ ಡಿಪ್ಲೊಮಾ ಮುಗಿಸಿ, ಇದೇ ಊರಲ್ಲಿ ಆಟೊಮೊಬೈಲ್ ಬಿಡಿಭಾಗಗಳ ಅಂಗಡಿ ನಡೆಸುತ್ತಿದ್ದವನು. ಹುಣಸೂರು ಕೃಷ್ಣಮೂರ್ತಿ ಅವನಿಗೆ ಸೋದರಮಾವ. ಆ ಹುಡುಗನೇ ದ್ವಾರಕೀಶ್. ಅಂಗಡಿ ಬಿಟ್ಟು ನಟನಾಗಿ, ನಿರ್ಮಾಪಕನಾಗಿ 1969ರಲ್ಲಿ ‘ಮೇಯರ್ ಮುತ್ತಣ್ಣ’ ಮಾಡಿದರು. ಅದರಿಂದ ಸಿದ್ದಲಿಂಗಯ್ಯ ಅನ್ನುವ ಹೊಸ ನಿರ್ದೇಶಕ ಬಂದರು. ಮೂರು ವರ್ಷದ ನಂತರ ಅದೇ ಸಿದ್ದಲಿಂಗಯ್ಯನವರ ಸಿನಿಮಾಕ್ಕೆ ಸೋದರಮಾವ ಸಂಭಾಷಣೆ ಬರೆದರು. ಆ ಸಿನಿಮಾ ‘ಬಂಗಾರದ ಮನುಷ್ಯ’.

ಎರಡನೇ ಭಾನುವಾರ ನೋಡಿದ್ದು ಇದನ್ನೇ. 1972ರ ಮಾರ್ಚ್ 31ರಂದು ಬಿಡುಗಡೆ ಆಯಿತು. ಬೆಂಗಳೂರಿನ ಸ್ಟೇಟ್ಸ್ ಚಿತ್ರಮಂದಿರದಲ್ಲಿ ಎರಡು ವರ್ಷ ಓಡಿತು ಅಂತಲೇ ಹೆಸರು. ಮೂಲ ಕಾದಂಬರಿ ಟಿ.ಕೆ. ರಾಮರಾವ್ ಅವರದು, ಚಿತ್ರಕಥೆ ಸಿದ್ದಲಿಂಗಯ್ಯನವರದು, ಮಾತು ಹುಣಸೂರರದು. ಪಟ್ಟಣ ಬಿಟ್ಟು ಬಂದ ರಾಜೀವ ಅಕ್ಕನ ಸಂಸಾರವನ್ನು ಹೆಗಲಿಗೆ ಹಾಕಿಕೊಳ್ಳುತ್ತಾನೆ, ಬಂಡೆ ತುಂಬಿದ ಬರಡು ನೆಲವನ್ನು ಹಸನು ಮಾಡುತ್ತಾನೆ. ಇದನ್ನು ನೋಡಿ ಹಳ್ಳಿಗೆ ವಾಪಸ್ ಹೋದ ಯುವಕರ ಕಥೆಗಳನ್ನು ನಮ್ಮ ಮನೆಗಳಲ್ಲೂ ಹೇಳುತ್ತಾರೆ. ನಮ್ಮಲ್ಲಿ ಒಬ್ಬನ ತಾತನೇ ಹಾಗೆ ಹೋದವರಂತೆ. ಮೊಮ್ಮಗ ಈಗ ಹೆಬ್ಬಾಳದ ಐ.ಟಿ. ಕಂಪನಿಯ ಕಡೆ ಮುಖ ಮಾಡಿಕೊಂಡು ಕೂತಿದ್ದಾನೆ. ಇರಲಿ.

ನಮಗೆ ಬೇಕಾಗಿದ್ದು ಜಮೀನಿನ ಬಗ್ಗೆ ಜನ ಹೇಗೆ ಮಾತಾಡುತ್ತಾರೆ ಅನ್ನೋದು. ಅದಕ್ಕೇ ಪೆನ್ನು ಹಿಡಿದು ಕೂತಿದ್ದೆವು. ಇಲ್ಲಿ ನೆಲವನ್ನು ಹಾಡಿನಲ್ಲಿ ಹೊಗಳುತ್ತಾರೆ. ಮಾತಿನಲ್ಲಿ ಬರುವುದು ಹೆಚ್ಚಾಗಿ ಕೆಲಸದ ಲೆಕ್ಕ: ಬಂಡೆ, ಬಾವಿ, ನೀರು, ಸಾಲ, ಆಳು. ಬಾಲಕೃಷ್ಣ ಅವರ ರಾಚೂಟಪ್ಪ ಬಂದರೆ ಮಾತಿಗೆ ಒರಟುತನವೂ ಅಂತಃಕರಣವೂ ಒಟ್ಟಿಗೆ ಬರುತ್ತವೆ. ಪ್ರೀತಿಯನ್ನು ಬೈಗುಳದಲ್ಲಿ ಹೇಳುವುದು ನಮ್ಮ ಕಡೆಯ ಹಿರಿಯರಿಗೆ ಮಾಮೂಲು. ಆದರೆ ಅದನ್ನು ಬರೆಯಲು ಹೋದರೆ ಒಂದೋ ಬೈಗುಳ ಮಾತ್ರ ಉಳಿಯುತ್ತೆ, ಇಲ್ಲಾ ಪ್ರೀತಿ ಮಾತ್ರ. ಎರಡೂ ಉಳಿಯೋದು ಕಷ್ಟದ ಕೆಲಸ. ಹರಿಶ್ಚಂದ್ರನ ಆಸ್ಥಾನಕ್ಕೆ ಮಾತು ಬರೆದ ಕೈಯೇ ಇದನ್ನೂ ಬರೆದಿದ್ದು ಅಂದರೆ ನಮ್ಮ ಹುಡುಗರು ಮೊದಲು ನಂಬಲಿಲ್ಲ. ಟೈಟಲ್ ಕಾರ್ಡಿಗೆ ವಾಪಸ್ ಹೋಗಿ ಪಾಸ್ ಮಾಡಿ ತೋರಿಸಬೇಕಾಯಿತು.

ಇನ್ನು ಕೊನೆ. ತಾನು ಯಾರಿಗಾಗಿ ದುಡಿದನೋ ಅವರಿಂದಲೇ ರಾಜೀವನ ಮೇಲೆ ಅಪವಾದ ಬರುತ್ತದೆ. ಸತ್ಯ ಹೇಳಿದರೆ ಒಂದು ನಿಮಿಷದಲ್ಲಿ ಮುಗಿಯುವ ವಿಷಯ. ಹೇಳಿದರೆ ಇನ್ಯಾರದೋ ಮಾನ ಹೋಗುತ್ತದೆ. ಅವನು ಹೇಳುವುದಿಲ್ಲ, ಎದ್ದು ನಡೆದುಬಿಡುತ್ತಾನೆ. ಸಂಭಾಷಣೆಕಾರನಿಗೆ ಇದಕ್ಕಿಂತ ದೊಡ್ಡ ಆಮಿಷ ಇನ್ನೊಂದಿಲ್ಲ. ರಾಜ್‌ಕುಮಾರರಂಥ ಕಂಠ ಇದೆ, ಚಿತ್ರಮಂದಿರದ ತುಂಬ ಜನ ಇದ್ದಾರೆ. ಎರಡು ಪುಟದ ಮಾತು ಬರೆದಿದ್ದರೆ ಚಪ್ಪಾಳೆ ಗ್ಯಾರಂಟಿ. ಬರೆಯಲಿಲ್ಲ. ಟಿ.ವಿ. ರೂಮಿನಲ್ಲಿ ಆ ಹೊತ್ತಿಗೆ ಚಿಪ್ಸ್ ಪ್ಯಾಕೆಟ್ಟಿನ ಸದ್ದೂ ನಿಂತಿತ್ತು. “ಮಾರಿದ್ ದಿವ್ಸ ನಾನೇನೂ ಮಾತಾಡ್ಲಿಲ್ಲ” ಅನ್ನೋದು ನಮಗೆ ನೆನಪಾಗಿದ್ದು ಆಗಲೇ.

1974ರ ‘ಭಕ್ತ ಕುಂಬಾರ’ವನ್ನು ನಾವು ಪೂರ್ತಿ ನೋಡಲಿಲ್ಲ, ಕರೆಂಟ್ ಹೋಯಿತು. ಪಂಢರಪುರದ ವಿಠ್ಠಲನ ಭಕ್ತ ಗೋರಾ ಕುಂಬಾರನ ಕಥೆ. ಭಜನೆಯಲ್ಲಿ ಮೈಮರೆತು ಮಣ್ಣು ತುಳಿಯುತ್ತಾ ತನ್ನ ಮಗುವನ್ನೇ ತುಳಿದುಬಿಡುವವನು. ನೋಡಿದಷ್ಟರಲ್ಲಿ, ಭಕ್ತಿಯನ್ನು ಹಾಡಿಗೆ ಬಿಟ್ಟು ಮಾತನ್ನು ಮನೆಮಾತಾಗಿಯೇ ಇಟ್ಟುಕೊಂಡಿದ್ದಾರೆ ಅನ್ನಿಸಿತು.

ಮೂರನೇ ಭಾನುವಾರದ ‘ಬಭ್ರುವಾಹನ’ (1977) ಬೇರೆಯೇ ಆಟ. ಅರ್ಜುನನೂ ರಾಜ್‌ಕುಮಾರ್, ಮಗ ಬಭ್ರುವಾಹನನೂ ರಾಜ್‌ಕುಮಾರ್. ಅಶ್ವಮೇಧದ ಕುದುರೆ ಮಣಿಪುರಕ್ಕೆ ಬರುತ್ತದೆ. ಅಪ್ಪ ಅಂತ ಗೊತ್ತಾಗಿ ಮಗ ಕುದುರೆ ಬಿಟ್ಟು ಕಾಲಿಗೆ ಬೀಳಲು ಹೋದರೆ ಅರ್ಜುನ ಅವನ ತಾಯಿಯನ್ನೇ ಹೀಗಳೆಯುತ್ತಾನೆ. ಅಲ್ಲಿಂದ ಯುದ್ಧ. ಕನ್ನಡದಲ್ಲಿ ಇದನ್ನು ಮನೆಮನೆಗೆ ತಂದದ್ದು ದೇವನೂರಿನ ಲಕ್ಷ್ಮೀಶನ ‘ಜೈಮಿನಿ ಭಾರತ’. ಒಂದೇ ಮುಖ, ಒಂದೇ ಕಂಠ ಎರಡಾಗಿ ಎದುರುಬದುರು ನಿಂತಾಗ ಕ್ಯಾಮೆರಾ ಟ್ರಿಕ್ ಅರ್ಧ ಕೆಲಸ ಮಾಡುತ್ತದೆ, ಉಳಿದ ಅರ್ಧ ಮಾತಿನದು. ಅಪ್ಪನ ಮಾತಿನಲ್ಲಿ ಗೆದ್ದು ಗೆದ್ದು ಬಂದ ಅಹಂಕಾರ, ಮಗನ ಮಾತಿನಲ್ಲಿ ಈಗಷ್ಟೇ ಮುರಿದುಬಿದ್ದ ಗೌರವ. ಕಣ್ಣು ಮುಚ್ಚಿಕೊಂಡು ಕೇಳಿ ನೋಡಿ, ಯಾರು ಯಾರು ಅಂತ ಗೊತ್ತಾಗುತ್ತದೆ. ನಾವು ಲೈಟ್ ಆಫ್ ಮಾಡಿ, ಟಿ.ವಿ. ಕಡೆ ಬೆನ್ನು ತಿರುಗಿಸಿ ಈ ಪರೀಕ್ಷೆ ಮಾಡಿದೆವು. ಹತ್ತು ಸಾಲಿನಲ್ಲಿ ಒಂಬತ್ತು ಸರಿ ಹೇಳಿದೆವು.

ಇದೇ ಪರೀಕ್ಷೆಯನ್ನು ನಮ್ಮ ನಾಟಕದ ಮೇಲೂ ಮಾಡಿದೆವು. ಪಾತ್ರದ ಹೆಸರುಗಳನ್ನು ಅಳಿಸಿ ಸಾಲುಗಳನ್ನು ಮಾತ್ರ ಓದಿದೆವು. ಅಪ್ಪ, ಮಗ, ಬ್ರೋಕರ್, ಅಜ್ಜಿ ಎಲ್ಲರೂ ಒಬ್ಬರೇ. ನಾಲ್ಕು ಜನರ ಬಾಯಲ್ಲೂ ಮಾತಾಡುತ್ತಿದ್ದದ್ದು ಪ್ರಬಂಧ ಸ್ಪರ್ಧೆಯಲ್ಲಿ ಬಹುಮಾನ ಗೆದ್ದ ಪಿ.ಯು.ಸಿ. ಹುಡುಗ. ನೀವೇನಾದರೂ ಬರೆಯುತ್ತಿದ್ದರೆ ಈ ಪರೀಕ್ಷೆಗೆ ಐದು ನಿಮಿಷ ಸಾಕು, ಮಾಡಿ ನೋಡಿ. ಸ್ವಲ್ಪ ನಾಚಿಕೆ ಆಗುತ್ತೆ, ಅಷ್ಟೆ.

ಹುಣಸೂರು ಕೃಷ್ಣಮೂರ್ತಿ ತೀರಿಕೊಂಡಿದ್ದು 1989ರ ಜನವರಿಯಲ್ಲಿ. ಮುಂದಿನ ತಿಂಗಳು, ಫೆಬ್ರುವರಿ 8ರಂದು, ಮೈಸೂರಿನ ಪ್ರೀಮಿಯರ್ ಸ್ಟುಡಿಯೋದಲ್ಲಿ ಟಿಪ್ಪು ಸುಲ್ತಾನನ ಧಾರಾವಾಹಿಯ ಶೂಟಿಂಗ್ ವೇಳೆ ಬೆಂಕಿ ಬಿತ್ತು. ಅರವತ್ತಕ್ಕೂ ಹೆಚ್ಚು ಜನ ಹೋದರು. ಆ ಸ್ಟುಡಿಯೋ ಇದ್ದದ್ದೂ ಇದೇ ಹುಣಸೂರು ರಸ್ತೆಯಲ್ಲಿ, ನಾವು ಹಿನಕಲ್‌ನಿಂದ ಊರೊಳಗೆ ಹೋಗುವ ದಾರಿಯಲ್ಲಿ. ಮೈಸೂರಿನ ಸಿನಿಮಾ ದಿನಗಳ ಬಗ್ಗೆ ಕೇಳಿದರೆ ಈ ಕಡೆಯ ಹಿರಿಯರು ಇವತ್ತಿಗೂ ಮೊದಲು ಹೇಳುವುದು ಬೆಂಕಿಯ ಸುದ್ದಿ. ಒಂದೇ ಚಳಿಗಾಲದಲ್ಲಿ ಈ ರಸ್ತೆ ಎರಡನ್ನೂ ಕಳೆದುಕೊಂಡಿತು. ನಾವು ದಿನಾ ಆ ರಸ್ತೆಯಲ್ಲಿ ಓಡಾಡುತ್ತೇವೆ. ಹುಣಸೂರು ಕೃಷ್ಣಮೂರ್ತಿಯವರ ಹೆಸರಿನ ಒಂದು ಬೋರ್ಡೂ ನಮ್ಮ ಕಣ್ಣಿಗೆ ಬಿದ್ದಿಲ್ಲ. ಇದ್ದರೆ ತೋರಿಸಿ, ಫೋಟೊ ತೆಗೆದು ಮುಂದಿನ ಸಂಚಿಕೆಗೆ ಹಾಕುತ್ತೇವೆ.

ನಾಟಕವನ್ನು ಮತ್ತೆ ಬರೆದಿದ್ದೇವ. ಹದಿನಾಲ್ಕು ಪುಟ ಈಗ ಎಂಟಾಗಿದೆ. ಸೆಕ್ಯುರಿಟಿ ಅಣ್ಣನನ್ನು ಕೇಳಿಕೊಂಡೆವು. ಡ್ಯೂಟಿ ಮುಗಿದ ಮೇಲೆ ಎರಡು ಸಂಜೆ ಬಂದು ರಿಹರ್ಸಲ್‌ನಲ್ಲಿ ಕೂತರು. ಮೊದಲ ದಿನ ಹೆಚ್ಚೇನೂ ಹೇಳಲಿಲ್ಲ. “ಅಡ್ವಾನ್ಸ್ ಹಣ” ಅಂದಿದ್ದ ಕಡೆ “ಮುಂಗಡ ಅನ್ನಿ, ನಮ್ಮ ತಂದೆ ಹಂಗೇ ಅಂತಿದ್ರು” ಅಂದರು. ಎರಡನೇ ದಿನ ಕೊನೆಯ ದೃಶ್ಯ ನೋಡಿದರು. ಈಗಿನ ಸ್ಕ್ರಿಪ್ಟ್‌ನಲ್ಲಿ ಅಪ್ಪ ಅಲ್ಲಿ ಮಾತಾಡುವುದಿಲ್ಲ. ಹಸು ಮಾರಿಹೋಗಿದೆ, ಗೂಟದಲ್ಲಿ ಹಗ್ಗ ಇದೆ. ಅಪ್ಪ ಅದನ್ನು ಬಿಚ್ಚಿ ಹೊರಗೆ ಎಸೆಯುತ್ತಾನೆ ಅಂತ ಬರೆದಿದ್ದೆವು. ಅವರು ಎದ್ದು ಬಂದು ಹಗ್ಗವನ್ನು ಕೈಗೆ ತಗೊಂಡು, ಸುತ್ತಿ, ಮೊಳೆಗೆ ನೇತು ಹಾಕುವಂತೆ ಮಾಡಿ ತೋರಿಸಿದರು. “ಎಸೆಯಲ್ಲ ಕಣ್ರಪ್ಪಾ. ನಮ್ಮನೇಲಿ ಇನ್ನೂ ಅದೆ.”

ಇಂಟರ್ನಲ್ಸ್ ಮುಗಿದ ಮೇಲೆ ನಾಟಕ ಆಡುತ್ತೇವೆ. ಅಜ್ಜಿಯ ಪಾತ್ರಕ್ಕೆ ಇನ್ನೂ ಯಾರೂ ಸಿಕ್ಕಿಲ್ಲ. ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ ಕಡೆಯ ಮಾತು ಬಾಯಿಗೆ ಹತ್ತಿರೋರು ಯಾರಾದರೂ ಇದ್ದರೆ ಶನಿವಾರ ಸಂಜೆ ಐದಕ್ಕೆ ಆಡಿಟೋರಿಯಂ ಹಿಂದಿನ ರೂಮಿಗೆ ಬನ್ನಿ. ಬರುವಾಗ ನಿಮ್ಮ ಅಜ್ಜಿಗೆ ಒಂದು ಫೋನ್ ಮಾಡಿ, ಅವರು ಹೇಗೆ ಬೈತಾರೆ ಅಂತ ಸರಿಯಾಗಿ ಕೇಳಿಸಿಕೊಂಡು ಬನ್ನಿ.